ಕಳೆದುಹೋದ ಪುಸ್ತಕದ 15 ಮನೆಗಳು

ಹಾಡಿದರೆ ದೀಪ ತಾನಾಗಿ ಹತ್ತಿಕೊಳ್ಳುವ ರಾಗ, ಆಲಾಪನೆ ಮಾಡಿದರೆ ಮಳೆ ಸುರಿಯುವ ರಾಗ. ಮಕ್ಕಳೇ, ಈ ಕಥೆಗಳನ್ನು ನೀವು ಅಜ್ಜಿಯ ಬಾಯಲ್ಲಿ ಕೇಳಿರುತ್ತೀರಿ. ತಾನಸೇನ ದೀಪಕ ರಾಗ ಹಾಡಿದ್ದು, ಮುತ್ತುಸ್ವಾಮಿ ದೀಕ್ಷಿತರು ಎಟ್ಟಯಪುರದ ಕಡೆ ಬರಗಾಲ ಕಂಡು ಅಮೃತವರ್ಷಿಣಿ ಹಾಡಿದ್ದು. ಕಥೆ ಮುಗಿದ ಮೇಲೆ ಚುರುಕಾದ ಮಗು ಕೇಳುವ ಪ್ರಶ್ನೆ ಒಂದೇ: “ತಾತ, ಆ ವಿದ್ಯೆಯೆಲ್ಲ ಬರೆದಿಟ್ಟ ಪುಸ್ತಕ ಎಲ್ಲಿದೆ?” ತಾತನ ಉತ್ತರವೂ ಸಿದ್ಧವಾಗಿರುತ್ತದೆ: “ಇತ್ತಪ್ಪ, ಕಳೆದುಹೋಯಿತು.”

ಮಳೆ ತರಿಸುವ ಪುಸ್ತಕದ ಮಾತು ಪಕ್ಕಕ್ಕಿರಲಿ. ಸಂಗೀತದ ಒಂದು ಪುಸ್ತಕ ನಿಜವಾಗಿಯೂ ಕಳೆದುಹೋಗಿದೆ. ಅದೂ ನಮ್ಮ ವಿಜಯನಗರದ ಕಾಲದ್ದು. ಹೆಸರು ‘ಸಂಗೀತಸಾರ’. ಬರೆದವರು ವಿದ್ಯಾರಣ್ಯರು ಎಂದು ಪರಂಪರೆ ಹೇಳುತ್ತದೆ. 14ನೇ ಶತಮಾನದಲ್ಲಿ ಶೃಂಗೇರಿ ಪೀಠದಲ್ಲಿದ್ದ, ಹಕ್ಕ ಬುಕ್ಕರ ಕಥೆಯಲ್ಲಿ ಬರುವ ವಿದ್ಯಾರಣ್ಯರು. ಆ ಪುಸ್ತಕದ ಒಂದು ಪ್ರತಿಯೂ ಸಿಕ್ಕಿಲ್ಲ.

ಸಿಗದ ಪುಸ್ತಕ ಇತ್ತು ಅಂತ ಹೇಗೆ ಗೊತ್ತು?

ಇದಕ್ಕೆ ನನ್ನ ಹಳೆಯ ಕೆಲಸದಿಂದಲೇ ಉದಾಹರಣೆ ಕೊಡುತ್ತೇನೆ. ಕಂಪ್ಯೂಟರ್ ಬರುವ ಮೊದಲು ಬ್ಯಾಂಕಿನಲ್ಲಿ ಎಲ್ಲರ ಲೆಕ್ಕವೂ ದಪ್ಪ ಲೆಡ್ಜರಿನಲ್ಲಿ ಇರುತ್ತಿತ್ತು. ಒಂದು ಮಳೆಗಾಲದಲ್ಲಿ ಹೆಂಚು ಸೋರಿ ಲೆಡ್ಜರಿನ ಹಾಳೆಗಳು ನೆನೆದು ಮುದ್ದೆಯಾದವು ಎಂದಿಟ್ಟುಕೊಳ್ಳಿ. ಗುಮಾಸ್ತ ಏನು ಮಾಡಬೇಕು? ಗಿರಾಕಿಗಳ ಪಾಸ್‌ಬುಕ್ ತರಿಸಬೇಕು. ಲೆಡ್ಜರಿನಿಂದ ಇಳಿಸಿಕೊಂಡದ್ದು ಅದರಲ್ಲಿ ಇದ್ದೇ ಇರುತ್ತದೆ. ಪೂರ್ತಿ ಲೆಡ್ಜರ್ ವಾಪಸ್ ಬರುವುದಿಲ್ಲ, ಆದರೆ ಒಂದಷ್ಟು ಜನರ ಬಾಕಿ ಪೈಸೆ ಸಮೇತ ಸಿಗುತ್ತದೆ.

‘ಸಂಗೀತಸಾರ’ದ ಪಾಸ್‌ಬುಕ್ಕು ಸಿಕ್ಕಿದ್ದು ತಂಜಾವೂರಿನಲ್ಲಿ. 17ನೇ ಶತಮಾನದ ಆರಂಭದಲ್ಲಿ ಅಲ್ಲಿ ರಘುನಾಥ ನಾಯಕ ಆಳುತ್ತಿದ್ದ. ಅವನ ಮಂತ್ರಿ ಗೋವಿಂದ ದೀಕ್ಷಿತರು ಕನ್ನಡ ಮೂಲದ ಮನೆತನದವರು. ‘ಸಂಗೀತಸುಧಾ’ ಎಂಬ ಗ್ರಂಥ ರಾಜನ ಹೆಸರಿನಲ್ಲಿದೆ. ಅದನ್ನು ಬರೆದದ್ದು ನಮ್ಮ ತಂದೆ ಎಂದು ದೀಕ್ಷಿತರ ಮಗ ವೆಂಕಟಮಖಿ ತಮ್ಮ ಪುಸ್ತಕದಲ್ಲಿ ಹೇಳಿಬಿಟ್ಟಿದ್ದಾರೆ. (ಗುಮಾಸ್ತ ಬರೆದ ಕಾಗದಕ್ಕೆ ಮ್ಯಾನೇಜರ್ ಸಹಿ ಬೀಳುವುದು ನನಗಂತೂ ಹೊಸದಲ್ಲ!) ರಾಗಗಳ ವಿಚಾರ ಬಂದಾಗ ದೀಕ್ಷಿತರು, ಇದು ವಿದ್ಯಾರಣ್ಯರ ಮತ ಎಂದು ಹೆಸರು ಹಿಡಿದು ಬರೆದಿದ್ದಾರೆ. ಆ ಹೆಸರನ್ನು ನುಂಗಿ ತಮ್ಮದೇ ಮಾತು ಎಂಬಂತೆ ಬರೆದಿದ್ದರೆ ಕೇಳುವವರು ಯಾರಿದ್ದರು? ‘ಸಂಗೀತಸಾರ’ ಎಂಬ ಪುಸ್ತಕವೊಂದು ಇತ್ತು ಎಂಬುದೂ ನಮಗೆ ತಿಳಿಯುತ್ತಿರಲಿಲ್ಲ.

ಹಾಗೆ ಉಳಿದದ್ದು 15 ಮೇಳಗಳ ಲೆಕ್ಕ. ಮೇಳವೆಂದರೆ ಒಂದು ಮನೆ ಎಂದುಕೊಳ್ಳಿ. ಒಂದೇ ಬಗೆಯ ಸ್ವರಗಳಿರುವ ರಾಗಗಳೆಲ್ಲ ಒಂದು ಮನೆಯ ಮಕ್ಕಳು. ವಿದ್ಯಾರಣ್ಯರ ಲೆಕ್ಕದಲ್ಲಿ ಮನೆ 15, ರಾಗ 50. ಕೆಲವು ಮನೆಗಳ ಹೆಸರು ನೋಡಿ: ನಾಟ, ವರಾಳಿ, ಶ್ರೀ, ಭೈರವಿ, ಶಂಕರಾಭರಣ, ಆಹರಿ, ಮುಖಾರಿ, ಕೇದಾರಗೌಳ, ಹೆಜ್ಜುಜ್ಜಿ. ಕೊನೆಯದನ್ನು ಬೇಗ ಬೇಗ ಹತ್ತು ಸಲ ಹೇಳಿ ನೋಡಿ, ನಾಲಿಗೆ ತೊಡರುತ್ತದೆ. ಉಳಿದವು ಇಂದಿನ ಕಚೇರಿಯಲ್ಲೂ ಕೇಳುವ ಹೆಸರುಗಳೇ. ಹೆಸರು ಅದೇ ಇದ್ದರೂ ಕೆಲವು ರಾಗಗಳ ಸ್ವರ ಬದಲಾಗಿದೆ. ಅಂದಿನ ಮುಖಾರಿ ಬೇರೆ, ಇಂದಿನ ಮುಖಾರಿ ಬೇರೆ.

ಅಂದಿನ ಪಂಡಿತರು ಕಿವಿಗೆ ಬಿದ್ದ ರಾಗಗಳನ್ನು ನೋಡಿ ಮನೆ ಕಟ್ಟಿದರು. ಮುಂದೆ 1550ರಲ್ಲಿ ವಿಜಯನಗರದ ಅಳಿಯ ರಾಮರಾಯನ ಆಶ್ರಯದ ರಾಮಾಮಾತ್ಯ 20 ಮೇಳ ಎಣಿಸಿದ. ವೆಂಕಟಮಖಿ ಮಾತ್ರ ಲೆಕ್ಕವನ್ನೇ ತಲೆಕೆಳಗು ಮಾಡಿದರು. ಎಷ್ಟು ಇವೆ ಎಂದು ಎಣಿಸುವ ಬದಲು ಎಷ್ಟು ಸಾಧ್ಯ ಎಂದು ಕೇಳಿದರು. ಸ, ಪ ಎರಡೂ ಅಲುಗುವುದಿಲ್ಲ. ರಿ-ಗ ಜೋಡಿ 6 ಬಗೆ, ದ-ನಿ ಜೋಡಿ 6 ಬಗೆ, ಮ 2 ಬಗೆ. 6 × 6 × 2 = 72. ಬಿ.ಕಾಂ. ಓದಿದ ನನಗೆ ಇದರಲ್ಲಿರುವ ಸುಖ ದೀಪ ಹತ್ತಿಸುವ ರಾಗದಲ್ಲಿಲ್ಲ! ಆ 72ರಲ್ಲಿ ತಮ್ಮ ಕಾಲಕ್ಕೆ ಬಳಕೆಯಲ್ಲಿದ್ದದ್ದು 19 ಎಂದೂ ಅವರು ಹೇಳಿದ್ದಾರೆ. ಸಂಗೀತ ಕಲಿಯುವ ಮಕ್ಕಳು ಇಂದು ಬಾಯಿಪಾಠ ಮಾಡುವ 72 ಮೇಳಕರ್ತಗಳಿಗೆ ಬುನಾದಿ ಈ ಲೆಕ್ಕವೇ. ಆ ಎಣಿಕೆಯ ಮೊದಲ ಮೆಟ್ಟಿಲು ವಿದ್ಯಾರಣ್ಯರ 15. ವಿಚಿತ್ರವೆಂದರೆ, ವೆಂಕಟಮಖಿಯವರ ‘ಚತುರ್ದಂಡೀ ಪ್ರಕಾಶಿಕೆ’ಯೂ ನಮಗೆ ಪೂರ್ತಿ ಸಿಕ್ಕಿಲ್ಲ. ಕೊನೆಯ ತಾಳದ ಅಧ್ಯಾಯವೇ ಇಲ್ಲ.

ಪುಸ್ತಕಗಳು ಯಾಕೆ ಹೀಗೆ ಮಾಯವಾಗುತ್ತವೆ? ಕಳ್ಳರೂ ಬೇಡ, ಮಾಂತ್ರಿಕರೂ ಬೇಡ. ಆಗಿನ ಪುಸ್ತಕವೆಂದರೆ ತಾಳೆಗರಿ. ಕಬ್ಬಿಣದ ಕಂಟದಿಂದ ಗರಿಯ ಮೇಲೆ ಗೀರಿ, ಮೇಲೆ ಕಾಡಿಗೆ ತೀಡಿದರೆ ಅಕ್ಷರ ಎದ್ದು ಕಾಣುತ್ತದೆ. ಗರಿಯ ತೂತಿಗೆ ದಾರ ಪೋಣಿಸಿ, ಎರಡು ಹಲಗೆಯ ನಡುವೆ ಕಟ್ಟಿಡುತ್ತಿದ್ದರು. ನಮ್ಮ ಹವೆಗೆ ಅದಕ್ಕೆ ಹುಳು ಬೀಳುತ್ತದೆ, ಮುಟ್ಟಿದರೆ ಮುರಿಯುತ್ತದೆ. ಹಾಳಾಗುವ ಮೊದಲು ಯಾರಾದರೂ ಕೂತು ಇನ್ನೊಂದು ಕಟ್ಟಿಗೆ ನಕಲು ಮಾಡಬೇಕು. ನಕಲು ಮಾಡುವ ಕೈ ತಪ್ಪಿದರೆ ಪುಸ್ತಕ ಹೋಯಿತು, ಅಷ್ಟೇ.

ಹಾಗೆಂದು ಆಸೆ ಬಿಡಬೇಕಿಲ್ಲ. ಕೌಟಿಲ್ಯನ ‘ಅರ್ಥಶಾಸ್ತ್ರ’ಕ್ಕೂ ಇದೇ ಗತಿಯಾಗಿತ್ತು. ಬೇರೆಯವರ ಪುಸ್ತಕಗಳಲ್ಲಿ ಹೆಸರು ಬರುತ್ತಿತ್ತು, ಗ್ರಂಥ ಇರಲಿಲ್ಲ. 1905ರಲ್ಲಿ ತಂಜಾವೂರು ಕಡೆಯ ಪಂಡಿತರೊಬ್ಬರು ಮೈಸೂರಿನ ಪ್ರಾಚ್ಯ ಗ್ರಂಥಾಲಯಕ್ಕೆ ಒಂದು ಓಲೆಕಟ್ಟು ತಂದುಕೊಟ್ಟರು. ಅಲ್ಲಿದ್ದ ಆರ್. ಶಾಮಶಾಸ್ತ್ರಿಗಳು ಓದಿ ನೋಡಿದರೆ ಅದೇ ‘ಅರ್ಥಶಾಸ್ತ್ರ’! 1909ರಲ್ಲಿ ಅಚ್ಚು ಹಾಕಿಸಿದರು, ಜಗತ್ತೇ ಮೈಸೂರಿನ ಕಡೆ ತಿರುಗಿ ನೋಡಿತು.

ಈಗ ದೊಡ್ಡವರಿಗೆ ಒಂದು ಮಾತು. ಹಳೆಯ ಮನೆ ಕೆಡವುವಾಗ ಅಟ್ಟದಲ್ಲಿ ಓಲೆಕಟ್ಟು ಸಿಗುತ್ತದೆ. ಅರಿಶಿನ ಕುಂಕುಮ ಹಚ್ಚಿ ಹೊಳೆಗೆ ಬಿಡುವುದು ನಮ್ಮ ಕಡೆ ರೂಢಿ. ನಮ್ಮ ಊರಿನಲ್ಲೇ ಒಂದು ಮನೆಯವರು ಹಾಗೆ ಮೂರು ಕಟ್ಟು ಬಿಟ್ಟರು. ಭಕ್ತಿಯಿಂದಲೇ ಬಿಟ್ಟರು, ಅನುಮಾನವಿಲ್ಲ. ಅದರಲ್ಲಿ ಇದ್ದದ್ದು ಜಾತಕವೋ, ಜಮೀನಿನ ಲೆಕ್ಕವೋ, ರಾಗದ ಲೆಕ್ಕವೋ, ಹೊಳೆಗೆ ಓದು ಬರುವುದಿಲ್ಲ.

“ನಮಗೆ ಓದಲಿಕ್ಕೆ ಬರುವುದಿಲ್ಲ, ಕನ್ನಡವೇ ಅಲ್ಲ” ಎಂದು ಬಿಸಾಡಬೇಡಿ. ಸಂಸ್ಕೃತದ ಪುಸ್ತಕವನ್ನು ಕನ್ನಡ ಲಿಪಿಯಲ್ಲೂ ಬರೆದಿದ್ದಾರೆ, ನಂದಿನಾಗರಿಯಲ್ಲೂ ಬರೆದಿದ್ದಾರೆ. ಮೈಸೂರಿಗೆ ಬಂದ ‘ಅರ್ಥಶಾಸ್ತ್ರ’ ಗ್ರಂಥ ಲಿಪಿಯಲ್ಲಿತ್ತು. ದಾರ ಬಿಚ್ಚಬೇಡಿ, ಬಿಸಿಲಿಗೆ ಹಾಕಬೇಡಿ, ನೀವಾಗಿಯೇ ಎಣ್ಣೆ ಸವರಬೇಡಿ. ಒಣಗಿದ ಹತ್ತಿ ಬಟ್ಟೆಯಲ್ಲಿ ಸುತ್ತಿ ಮೈಸೂರಿನ ಪ್ರಾಚ್ಯವಿದ್ಯಾ ಸಂಶೋಧನಾಲಯಕ್ಕೋ ಹಂಪಿಯ ಕನ್ನಡ ವಿಶ್ವವಿದ್ಯಾಲಯಕ್ಕೋ ಒಯ್ದು ತೋರಿಸಿ. ಜೊತೆಗೆ ಮೊಮ್ಮಕ್ಕಳನ್ನೂ ಕರೆದುಕೊಂಡು ಹೋಗಿ. ಅಲ್ಲಿನವರು ಗರಿಯನ್ನು ಬೆಳಕಿಗೆ ಓರೆಯಾಗಿ ಹಿಡಿದು ಅಕ್ಷರ ಬಿಡಿಸಿ ಓದುವಾಗ, ಎಲ್ಲಾದರೂ ‘ಹೆಜ್ಜುಜ್ಜಿ’ ಎಂದು ಕೇಳಿಸೀತು.