ರಸಾಯನಕ್ಕೆ ಗುಲ್ಕನ್ ಇರಲಿ, ಎಸೆನ್ಸ್ ಬೇಡ

ಮದುವೆ ಊಟದ ಕೊನೆಗೆ ಬರುವ ಫ್ರೂಟ್ ಸಲಾಡಿನಲ್ಲಿ ಈಗೀಗ ಮೊದಲು ಮೂಗಿಗೆ ಬಡಿಯುವುದು ರೋಸ್ ಎಸೆನ್ಸ್, ಹಣ್ಣಲ್ಲ. ಗುಲಾಬಿಗೂ ಹಣ್ಣಿಗೂ ಆಗಿಬರುವುದಿಲ್ಲ ಎಂದೇನೂ ಅಲ್ಲ. ಬೆಂಗಳೂರಿನ ವಿ.ವಿ. ಪುರದ ತಿಂಡಿಬೀದಿಯಲ್ಲಿ ಹಣ್ಣಿನ ಮೇಲೆ ಗುಲಾಬಿ ದಳದ ಗುಲ್ಕನ್ ಹಾಕಿಸಿಕೊಂಡು ತಿನ್ನುವವರನ್ನು ಕೇಳಿ. ನನ್ನ ತಕರಾರು ಬಾಟಲಿಯ ಮೇಲೆ. ಗುಲಾಬಿಯ ಪರಿಮಳವೆಂದರೆ ಜೆರಾನಿಯಾಲ್, ಸಿಟ್ರೊನೆಲ್ಲಾಲ್ ಮೊದಲಾದ ನೂರಾರು ರಾಸಾಯನಿಕಗಳ ಕೂಟ. ಅಗ್ಗದ ಎಸೆನ್ಸಿನಲ್ಲಿ ಇರುವುದು ಅವುಗಳಲ್ಲಿ ಬೆರಳೆಣಿಕೆಯಷ್ಟು. ಅದಕ್ಕಿಂತ ಮುಖ್ಯವಾಗಿ, ದಳದಲ್ಲಿ ಘಮದ ಜೊತೆಗೆ ಒಗರೂ ಇದೆ. ಬಾಳೆಹಣ್ಣು, ಬೆಲ್ಲ, ತೆಂಗಿನಕಾಯಿ ಮೂರೂ ಸೇರಿದ ರಸಾಯನದ ಸಿಹಿ ನಾಲ್ಕು ಚಮಚಕ್ಕೇ ಮುಖ ಕಟ್ಟುತ್ತದೆ. ಅದನ್ನು ಮುರಿಯಬಲ್ಲದ್ದು ಈ ಒಗರು. ಎಸೆನ್ಸಿನಲ್ಲಿ ಅದು ಇಲ್ಲವೇ ಇಲ್ಲ.

ಹೂವು ಸೇರಿತೆಂದು ಮಾಡುವ ಕೆಲಸವೇನೂ ಹೆಚ್ಚುವುದಿಲ್ಲ. ಸಿಪ್ಪೆಯ ಮೇಲೆ ಕಪ್ಪು ಚುಕ್ಕೆ ಮೂಡಿದ ಏಲಕ್ಕಿ ಬಾಳೆ ಆರೇಳು, ಬಿಲ್ಲೆಯಾಗಿ ಹೆಚ್ಚಿದ್ದು. ಒಂದು ಹಿಡಿ ಕಾಯಿತುರಿ, ಎರಡು ಚಮಚ ಬೆಲ್ಲದ ಪುಡಿ, ಚಿಟಿಕೆ ಉಪ್ಪು, ನಾಲ್ಕು ಹನಿ ನಿಂಬೆರಸ. ಮೆಲ್ಲಗೆ ಕಲಸಿ ಹತ್ತು ನಿಮಿಷ ಬಿಟ್ಟರೆ ಬೆಲ್ಲ ಹಣ್ಣಿನ ನೀರನ್ನು ಹೊರಗೆಳೆದು ತಳದಲ್ಲಿ ತಾನೇ ರಸ ಕೂಡುತ್ತದೆ. ಒಂದು ದೊಡ್ಡ ಚಮಚ ಗುಲ್ಕನ್ ಆಮೇಲೆ, ಬಡಿಸುವ ಹೊತ್ತಿಗೆ. ಮಿಕ್ಸಿಗೆ ಹಾಕಬಾರದು; ದಳದ ಚೂರು ಹಲ್ಲಿಗೆ ಸಿಗಬೇಕು. ಒಲೆಗಂತೂ ತೋರಿಸಲೇಬಾರದು, ಬಿಸಿ ತಾಗಿದರೆ ಘಮ ಆವಿಯ ಜೊತೆ ಹೋಗಿಬಿಡುತ್ತದೆ. ಏಲಕ್ಕಿ ಪುಡಿಯನ್ನೂ ಈ ಸಲ ಬಿಡಿ. ಎರಡೂ ಬಿದ್ದರೆ ಏಲಕ್ಕಿಯೇ ಗೆಲ್ಲುತ್ತದೆ.

ಗುಲ್ಕನ್ ದುಬಾರಿ ಎನ್ನುವ ಮಾತು ಸಾವಿರ ಎಲೆ ಹಾಕುವ ಅಡುಗೆ ಕಂಟ್ರಾಕ್ಟರ್ ಬಾಯಲ್ಲಿ ಬಂದರೆ ಒಪ್ಪಬಹುದು. ನಾಲ್ಕು ಜನರ ಮನೆಗೆ ಒಂದು ಚಮಚದ ಲೆಕ್ಕ ಅಷ್ಟೇನೂ ದೊಡ್ಡದಲ್ಲ. ಅದರಲ್ಲಿ ಸಕ್ಕರೆಯೇ ಹೆಚ್ಚಲ್ಲವೇ ಎಂಬ ಆಕ್ಷೇಪ ಗಟ್ಟಿಯಾದದ್ದು. ದಳ ಮತ್ತು ಸಕ್ಕರೆಯನ್ನು ಪದರ ಪದರವಾಗಿ ಜಾಡಿಗೆ ತುಂಬಿ ವಾರಗಟ್ಟಲೆ ಬಿಸಿಲಿಗಿಟ್ಟು ಮಾಡುವ ಪದಾರ್ಥ ಅದು. ಹಾಗಾಗಿ ಬೆಲ್ಲವನ್ನು ಎರಡು ಚಮಚದಿಂದ ಒಂದಕ್ಕೆ ಇಳಿಸಿ, ರುಚಿ ಕೆಡುವುದಿಲ್ಲ. ಮಧುಮೇಹ ಇರುವವರಿಗೆ ಮಾತ್ರ ಈ ಸಮಾಧಾನ ಸಾಲದು. ಹಾಗಾದರೆ ತಾಜಾ ಹೂವನ್ನೇ ಹಾಕೋಣ ಎನ್ನುವವರು ಹೂವಿನ ಮಾರುಕಟ್ಟೆಯ ಕಡೆ ತಲೆ ಹಾಕದಿರುವುದು ಲೇಸು. ಮುಡಿಗೂ ಮಾಲೆಗೂ ಬೆಳೆದ ಗುಲಾಬಿಗೆ ಕೀಟನಾಶಕ ಹೊಡೆದಿರುತ್ತಾರೆ, ತೊಳೆದ ಮಾತ್ರಕ್ಕೆ ಅದು ಪೂರ್ತಿ ಹೋಗುವುದಿಲ್ಲ. ಮದ್ದು ಹೊಡೆಯದೆ ಹಿತ್ತಲಲ್ಲಿ ಬೆಳೆದ ಘಮದ ಗುಲಾಬಿಯಿದ್ದರೆ ಆ ಮಾತು ಬೇರೆ. ಅಂಗಡಿಯ ಗುಲ್ಕನ್ನಿಗೂ ಬಣ್ಣ, ಎಸೆನ್ಸ್ ಬೆರೆಸುವುದುಂಟು. ಡಬ್ಬಿಯ ಮೇಲೆ ಗುಲಾಬಿ ದಳ, ಸಕ್ಕರೆ ಬಿಟ್ಟು ಉದ್ದದ ಪಟ್ಟಿ ಕಂಡರೆ ಅಲ್ಲೇ ಇಟ್ಟು, ಏಲಕ್ಕಿ ಕೊಂಡು ಬನ್ನಿ.