ಡೋರಾ ಗೆರ್ಸನ್ ಮರೆಯಾದಳೇ?

ಚಲಚ್ಚಿತ್ರದ ಚರಿತ್ರೆ ಬರೆಯುವವರು ಹಳೆಯ ನಟನಟಿಯರ ವಿಷಯ ಬಂದಾಗ “ಕಾಲಾಂತರದಲ್ಲಿ ಮರೆಯಾದರು” ಎಂದು ಒಂದು ವಾಕ್ಯ ಬರೆದು ಮುಂದೆ ಸಾಗುವುದುಂಟು. ವ್ಯಾಕರಣ ಕಲಿಸುವ ನನಗೆ ಈ ವಾಕ್ಯದ ಮೇಲೆ ಮೊದಲಿನಿಂದಲೂ ಗುಮಾನಿ. ‘ಮರೆಯಾಗು’ ಎಂಬುದು ಅಕರ್ಮಕ ಕ್ರಿಯಾಪದ. ಮರೆಮಾಡಿದವರು ಯಾರೆಂದು ಹೇಳುವ ಹೊಣೆ ಅದಕ್ಕಿಲ್ಲ. ಜರ್ಮನಿಯ ಮೂಕಿಚಿತ್ರಗಳ ಕಾಲದ ಡೋರಾ ಗೆರ್ಸನ್ ಎಂಬ ನಟಿಗಂತೂ ಈ ಪದ ಸಲ್ಲದೆಂದು ನನ್ನ ವಾದ.

ಡೋರಾ 1899ರಲ್ಲಿ ಬರ್ಲಿನ್ನಿನ ಯೆಹೂದಿ ಮನೆತನವೊಂದರಲ್ಲಿ ಹುಟ್ಟಿದಳು. ಜರ್ಮನ್ ಹುಡುಗರು ಮುಗಿಬಿದ್ದು ಓದುತ್ತಿದ್ದ ಕಾರ್ಲ್ ಮಾಯ್‌ನ ಸಾಹಸ ಕಥೆಗಳನ್ನು ಆಧರಿಸಿ 1920ರಲ್ಲಿ ತೆಗೆದ ಎರಡು ಚಿತ್ರಗಳಲ್ಲಿ ನಟಿಸಿದಳು. ಅವುಗಳಲ್ಲೊಂದರಲ್ಲಿ ಜೊತೆಗಿದ್ದ ಬೇಲಾ ಲುಗೋಸಿ 1931ರಲ್ಲಿ ಅಮೆರಿಕದ ಚಿತ್ರದಲ್ಲಿ ಡ್ರಾಕುಲನಾಗಿ ಲೋಕಪ್ರಸಿದ್ಧನಾದ. ಡೋರಾಳ ಆ ಎರಡು ಚಿತ್ರಗಳೂ ಇಂದು ಉಳಿದಿಲ್ಲ. ಆಗಿನ ನೈಟ್ರೇಟ್ ಫಿಲ್ಮ್ ಥಟ್ಟನೆ ಹತ್ತಿ ಉರಿಯುವಂಥದು, ಇಟ್ಟಲ್ಲಿಯೇ ಪುಡಿಯಾಗುವಂಥದು. ಎಷ್ಟೋ ಮೂಕಿಚಿತ್ರಗಳು ಹಾಗೆಯೇ ಹೋದವು. ಇಷ್ಟಕ್ಕೆ ಬೇಕಾದರೆ ‘ಮರೆಯಾದವು’ ಎನ್ನಿರಿ, ನನ್ನ ತಕರಾರಿಲ್ಲ.

ಆಕೆಯ ವಿಷಯ ಬೇರೆ. 1933ರಲ್ಲಿ ಹಿಟ್ಲರನ ಸರಕಾರ ಯೆಹೂದಿ ಕಲಾವಿದರನ್ನು ರಂಗಭೂಮಿಯಿಂದಲೂ ಚಿತ್ರರಂಗದಿಂದಲೂ ಹೊರಹಾಕಿತು. ಗಾಯಕಿಯೂ ಆಗಿದ್ದ ಡೋರಾ ಯೆಹೂದಿಗಳ ಸಂಸ್ಕೃತಿ ಸಂಘದಲ್ಲಿ, ಯೆಹೂದಿ ಶ್ರೋತೃಗಳಿಗಾಗಿ ಮಾತ್ರ, ಹಾಡಬೇಕಾಯಿತು. ತಾನು ಹುಟ್ಟಿದ ಊರಿನಲ್ಲಿ, ಆ ಊರಿನ ಮಾತಿನಲ್ಲೇ ಹಾಡುವುದಕ್ಕೂ ಇಷ್ಟು ಬೇಲಿ! ಯೆಹೂದಿ ಗ್ರಾಮಫೋನ್ ಕಂಪೆನಿಯೊಂದು ಅವಳ ಜರ್ಮನ್ ಮತ್ತು ಯಿದ್ದಿಷ್ ಹಾಡುಗಳನ್ನು ಮುದ್ರಿಸಿತು. 1936ರಲ್ಲಿ ಆಕೆ ಹಾಲೆಂಡಿಗೆ ಓಡಿಹೋದಳು. 1940ರಲ್ಲಿ ಜರ್ಮನ್ ಸೈನ್ಯ ಅಲ್ಲಿಗೂ ನುಗ್ಗಿತು. 1942ರಲ್ಲಿ ಸ್ವಿಟ್ಜರ್ಲೆಂಡಿಗೆ ಪಾರಾಗುವ ಯತ್ನದಲ್ಲಿ ಸಂಸಾರಸಮೇತ ಸಿಕ್ಕಿಬಿದ್ದಳು. 1943ರ ಫೆಬ್ರವರಿ 14ರಂದು ಆಶ್‌ವಿಟ್ಸ್ ಶಿಬಿರದಲ್ಲಿ ನಾಜಿಗಳು ಅವಳನ್ನೂ ಗಂಡನನ್ನೂ 5 ವರ್ಷದ ಮಗಳನ್ನೂ 2 ವರ್ಷದ ಮಗನನ್ನೂ ಕೊಂದರು. ಈ ವಾಕ್ಯಕ್ಕೆ ಕರ್ತೃಪದ ಬೇಕೇ ಬೇಕು.

ಇನ್ನೊಂದು ಸಂಗತಿ. 1922ರಿಂದ 1924ರವರೆಗೆ ಡೋರಾಳ ಪತಿಯಾಗಿದ್ದ ಫೈಟ್ ಹಾರ್ಲಾನ್ ಮುಂದೆ ನಾಜಿಗಳ ನೆಚ್ಚಿನ ನಿರ್ದೇಶಕನಾಗಿ, 1940ರಲ್ಲಿ ಯೆಹೂದಿಗಳ ಮೇಲೆ ದ್ವೇಷ ಕಾರುವ ‘ಯೂದ್ ಝ್ಯೂಸ್’ ಚಿತ್ರ ತೆಗೆದ. ಯುದ್ಧಾನಂತರ ವಿಚಾರಣೆಯಾಗಿ ಖುಲಾಸೆಯಾದ, ಮತ್ತೆ ಚಿತ್ರಗಳನ್ನೂ ತೆಗೆದ, 1964ರಲ್ಲಿ ಸತ್ತ. ಚರಿತ್ರೆಯ ಪುಸ್ತಕಗಳಲ್ಲಿ ಆತನಿಗೆ ಪುಟಗಟ್ಟಲೆ ಜಾಗವಿದೆ. ಕೆಟ್ಟ ಹೆಸರೇ ಸರಿ, ಹೆಸರು ಹೆಸರೇ ತಾನೆ!

ಎರಡೇ ಚಿತ್ರಗಳ ನಟಿ ಹೇಗಿದ್ದರೂ ಮರೆತುಹೋಗುತ್ತಿದ್ದಳು ಎಂದು ಕೆಲವರು ವಾದಿಸಬಹುದು. ನಾನು ಒಪ್ಪುವುದಿಲ್ಲ. 1933ರಲ್ಲಿ ಅವಳಿಗೆ 34 ವರ್ಷ. ಅಷ್ಟು ಹೊತ್ತಿಗೆ ಚಿತ್ರಗಳಿಗೆ ಮಾತು ಬಂದಿತ್ತು, ಹಾಡು ಬಂದಿತ್ತು, ಇವಳಿಗೆ ಕಂಠವಿತ್ತು. ಆ ಕಂಠ ಎಂಥದೆಂಬುದಕ್ಕೆ ನನ್ನ ಮಾತನ್ನು ನಂಬಬೇಕಾಗಿಲ್ಲ: ಅವಳ ಗ್ರಾಮಫೋನ್ ಮುದ್ರಿಕೆಗಳು ಉಳಿದಿವೆ, ಇಂದಿಗೂ ಕೇಳಲು ಸಿಗುತ್ತವೆ.