ಮಾತಿಲ್ಲದ ನೀತಿಕಥೆ

ನೀತಿಕಥೆಯು ಮಾನವನ ಅತಿ ಪ್ರಾಚೀನ ಪಾಠಶಾಲೆ. ಈಸೋಪನ ಹೆಸರಿನ ಗ್ರೀಕ್ ಕಥೆಗಳೂ ಭಾರತದ ಪಂಚತಂತ್ರವೂ ಪ್ರಾಣಿಗಳ ನಡೆಯಲ್ಲಿ ಮನುಷ್ಯನ ಗುಣದೋಷಗಳನ್ನು ತೋರಿದವು. ಹನ್ನೊಂದನೆಯ ಶತಮಾನದಲ್ಲಿ ದುರ್ಗಸಿಂಹನು ಪಂಚತಂತ್ರವನ್ನು ಕನ್ನಡಕ್ಕೆ ತಂದನು. ಮೆಲ್ಕಾರಿಗೆ ಸಮೀಪದ ಬಂಟ್ವಾಳದಲ್ಲಿ 1874ರಲ್ಲಿ ಜನಿಸಿದ ಪಂಜೆ ಮಂಗೇಶರಾಯರು ಎಳೆಯರಿಗಾಗಿಯೇ ಕಥೆ, ಕವಿತೆಗಳನ್ನು ರಚಿಸಿದರು.

ಇಪ್ಪತ್ತನೆಯ ಶತಮಾನದಲ್ಲಿ ಇಂತಹ ಕಥೆಗಳು ಬೆಳ್ಳಿತೆರೆಯನ್ನೂ ಏರಿದವು. ಅಮೆರಿಕದ ಪಾಲ್ ಟೆರ್ರಿಯು 1921ರಲ್ಲಿ ಈಸೋಪನ ಕಥೆಗಳ ಹೆಸರಿನಲ್ಲಿ ಕಾರ್ಟೂನ್ ಚಿತ್ರಗಳ ಮಾಲಿಕೆಯೊಂದನ್ನು ಆರಂಭಿಸಿದನು. ಅದು ಮೂಕಿ ಚಿತ್ರಗಳ ಕಾಲ. ಕೈಯಿಂದ ಬರೆದ ಸಾವಿರಾರು ಚಿತ್ರಗಳು ಒಂದರ ಹಿಂದೊಂದು ವೇಗವಾಗಿ ಸರಿದಾಗ ಇಲಿ ಓಡುತ್ತಿತ್ತು, ಬೆಕ್ಕು ಹೊಂಚು ಹಾಕುತ್ತಿತ್ತು. ಪಾತ್ರಗಳಿಗೆ ದನಿಯಿರಲಿಲ್ಲ, ಚಲನೆಯೇ ಅವುಗಳ ಭಾಷೆಯಾಗಿತ್ತು. 1928ರಲ್ಲಿ ಈ ಮಾಲಿಕೆಗೂ ಧ್ವನಿಯು ಸೇರಿತು.

ಆ ಚಿತ್ರಗಳಲ್ಲಿ ಒಂದು ವಿಚಿತ್ರವಿತ್ತು. ಕೊನೆಯಲ್ಲಿ ತೆರೆಯ ಮೇಲೆ ಮೂಡುತ್ತಿದ್ದ ನೀತಿವಾಕ್ಯಕ್ಕೂ ಕಥೆಗೂ ಅನೇಕ ವೇಳೆ ಸಂಬಂಧವೇ ಇರುತ್ತಿರಲಿಲ್ಲ. ಪ್ರೇಕ್ಷಕರು ನಕ್ಕರು, ನಗುವುದು ತಪ್ಪಲ್ಲ. ಆದರೆ ಅಂಟಿಸಿದ ನೀತಿಯು ನೀತಿಯಾಗದೆಂಬುದನ್ನು ಆ ಚಿತ್ರಗಳು ತಮಗರಿವಿಲ್ಲದೆಯೇ ತೋರಿಸಿಕೊಟ್ಟವು.

ಪಂಚತಂತ್ರದ ಆಮೆಯ ಕಥೆಯನ್ನು ನೋಡಬಹುದು. ಎರಡು ಹಂಸಗಳು ಹಿಡಿದ ಕೋಲನ್ನು ಬಾಯಿಯಿಂದ ಕಚ್ಚಿಕೊಂಡು ಆಮೆಯು ಹಾರುತ್ತದೆ. ಕೆಳಗಿನ ಜನ ಬೆರಳು ತೋರಿಸುತ್ತಾರೆ. ಆಮೆ ಬಾಯಿ ತೆರೆಯುತ್ತದೆ, ಬೀಳುತ್ತದೆ. ಇದನ್ನು ಮೂಕಿ ಚಿತ್ರವಾಗಿ ಕಂಡವನಿಗೆ ಮೇಲೊಂದು ಉಪದೇಶವು ಬೇಕೇ? ಆ ತೆರೆದ ಬಾಯಿಯೇ ನೀತಿ.

ಮಾತಿಲ್ಲದಿದ್ದರೆ ಎಳೆಯರಿಗೆ ಅರ್ಥವಾಗದೆಂದು ಕೆಲವರು ಆಕ್ಷೇಪಿಸಬಹುದು. ಯಕ್ಷಗಾನದ ರಂಗಕ್ಕೆ ಬಣ್ಣದ ವೇಷವು ಬಂದೊಡನೆ, ಅದು ಮಾತನಾಡುವ ಮೊದಲೇ, ರಾಕ್ಷಸನು ಬಂದನೆಂದು ಮೆಲ್ಕಾರಿನ ಮಗುವೂ ಅರಿಯುತ್ತದೆ. ಮಕ್ಕಳ ಕಣ್ಣಿಗೆ ಆ ಶಕ್ತಿಯಿದೆ.

ಇಂದು ಪಂಚತಂತ್ರದ ಕಾರ್ಟೂನುಗಳು ಮೊಬೈಲಿನಲ್ಲೂ ದೊರೆಯುತ್ತವೆ. ಹಲವು ಚಿತ್ರಗಳಲ್ಲಿ ನಿರೂಪಕನ ದನಿಯು ಎಲ್ಲವನ್ನೂ ವಿವರಿಸಿ, ಕೊನೆಗೆ ನೀತಿಯನ್ನೂ ಹೇಳಿಬಿಡುತ್ತದೆ. ನೋಡುವವನಿಗೆ ಯೋಚಿಸುವ ಕೆಲಸವೇ ಉಳಿಯುವುದಿಲ್ಲ. ಸಿದ್ಧವಾದ ತೀರ್ಮಾನವನ್ನು ನುಂಗುವ ಅಭ್ಯಾಸವು ಬಾಲ್ಯದಲ್ಲಿ ಬೇರೂರಿದರೆ, ಮುಂದೆ ಯಾರು ಏನು ಹೇಳಿದರೂ ನಂಬುವ ಪ್ರಜೆಗಳು ಬೆಳೆದಾರು. ಆದುದರಿಂದ ಶಾಲೆಗಳಲ್ಲಿ ಇಂತಹ ಚಿತ್ರವನ್ನು ಮೊದಲು ದನಿಯಿಲ್ಲದೆ ತೋರಿಸಿ, ಅದರ ನೀತಿಯೇನೆಂದು ವಿದ್ಯಾರ್ಥಿಗಳನ್ನೇ ಕೇಳುವುದು ಒಳಿತು. ಉತ್ತರಗಳು ಬೇರೆಬೇರೆಯಾಗಬಹುದು, ಆಗಲಿ. ತಾನೇ ಕಂಡುಕೊಂಡ ನೀತಿಯು ಮಾತ್ರ ಮನಸ್ಸಿನಲ್ಲಿ ನಿಲ್ಲುತ್ತದೆ.